ಕಡಲಿಲ್ಲದ ಸೀಮೆಯ ಕಡಲ ಮಾತುಗಳು

ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ, ನಾಗಮಂಗಲ ಎಂಬ ನಾಲ್ಕು ತಾಲ್ಲೂಕುಗಳಿಗೂ ಪಶ್ಚಿಮ ಸಮುದ್ರಕ್ಕೂ ನಡುವೆ ಸಹ್ಯಾದ್ರಿಯು ಅಡ್ಡಲಾಗಿ ನಿಂತಿರುವುದು. ಮಂಗಳೂರಿನ ರೇವು ಇಲ್ಲಿಂದ ನೂರು ಮೈಲಿಗಳಿಗೂ ಮೀರಿದ ದೂರದಲ್ಲಿದೆ. ಹೀಗಿದ್ದರೂ ಈ ಸೀಮೆಯ ಮನೆಗಳಲ್ಲಿ ಬೆಳಗಿನ ಕಾಫಿಯೊಡನೆ ದಿನಪತ್ರಿಕೆಯ ಪದಬಂಧವನ್ನು ಬಿಡಿಸಲು ಕುಳಿತವರು ‘ಹಡಗನ್ನು ನಡೆಸುವವನು’ ಎಂಬ ಸುಳುಹನ್ನು ಕಂಡು ಹಿಂಜರಿಯುವುದಿಲ್ಲ. ಮೂರು ಚೌಕಗಳಿದ್ದರೆ ನಾವಿಕ ಎಂದೋ ಅಂಬಿಗ ಎಂದೋ ಬರೆಯುವರು. ನಾಲ್ಕಿದ್ದರೆ ಕರ್ಣಧಾರ ಎಂಬುದು ತಾನಾಗಿಯೇ ಲೇಖನಿಗೆ ಬರುವುದು. ಕಡಲನ್ನೇ ಕಾಣದ ಅಜ್ಜಿಯರೂ ‘ಲಂಗರು’ ಎಂದು ಹೇಳಿಕೊಡುವುದುಂಟು. ಈ ಮಾತುಗಳು ಘಟ್ಟವನ್ನು ಹತ್ತಿ ಇಲ್ಲಿಗೆ ಬಂದ ಬಗೆಯೇನು ಎಂಬುದು ವಿಚಾರಕ್ಕೆ ಯೋಗ್ಯವಾದ ವಿಷಯವು.

ಪದಬಂಧವು ಹೊಸ ಆಟವೇ ಸರಿ. ಆರ್ಥರ್ ವಿನ್ ಎಂಬವನು ನ್ಯೂಯಾರ್ಕಿನ ಪತ್ರಿಕೆಯೊಂದರಲ್ಲಿ ೧೯೧೩ನೆಯ ಇಸವಿ ಡಿಸೆಂಬರ್ ೨೧ರಂದು ಮೊದಲನೆಯದನ್ನು ಪ್ರಕಟಿಸಿದನು. ಆದರೆ ಮಾತಿನೊಳಗೆ ಮಾತನ್ನು ಅಡಗಿಸಿ ಎದುರಾಳಿಯ ಬುದ್ಧಿಯನ್ನು ಪರೀಕ್ಷಿಸುವ ವಿನೋದವು ನಮ್ಮವರಿಗೆ ಹೊಸದಲ್ಲ. ದಂಡಿಯು ಕಾವ್ಯಾದರ್ಶದಲ್ಲಿ ಹದಿನಾರು ಬಗೆಯ ಪ್ರಹೇಳಿಕೆಗಳನ್ನು ವಿಂಗಡಿಸಿರುವನು. ಅಕ್ಷರಗಳನ್ನು ಆಕೃತಿಗಳಲ್ಲಿ ಜೋಡಿಸುವ ಚಿತ್ರಬಂಧಗಳ ಪರಿಚಯವೂ ಪಂಡಿತರಿಗೆ ಇದ್ದಿತು, ಹಳ್ಳಿಯವರಿಗೆ ಒಗಟುಗಳಿದ್ದುವು. ಕನ್ನಡದಲ್ಲಿ ಸಾವಿರಗಟ್ಟಲೆ ಪದಬಂಧಗಳನ್ನು ರಚಿಸಿ ಹೆಸರಾದ ಅ. ನಾ. ಪ್ರಹ್ಲಾದರಾಯರೂ ಕಡಲಿಲ್ಲದ ಕೋಲಾರ ಜಿಲ್ಲೆಯವರೆಂಬುದನ್ನು ಇಲ್ಲಿ ನೆನೆಯಬಹುದು.

ಕನ್ನಡದ ಪದಬಂಧಕ್ಕೆ ಒಂದು ವಿಶೇಷವುಂಟು. ಇಂಗ್ಲೀಷಿನಲ್ಲಿ ಒಂದು ಚೌಕಕ್ಕೆ ಒಂದು ಲಿಪಿ. ನಮ್ಮಲ್ಲಿ ಗುಣಿತ ಒತ್ತುಗಳೊಡಗೂಡಿದ ಇಡೀ ಅಕ್ಷರವೇ ಒಂದು ಚೌಕವನ್ನು ತುಂಬುವುದು. ಆದಕಾರಣ ‘ಚುಕ್ಕಾಣಿ’ಗೆ ಮೂರೇ ಮನೆಗಳು. ಅಡ್ಡಸಾಲಿನ ‘ಕ್ಕಾ’ ಎಂಬ ಅಕ್ಷರವನ್ನು ಕಂಬಸಾಲಿನ ಮಾತೂ ಹಾಗೆಯೇ ಒಪ್ಪಿಕೊಳ್ಳಬೇಕು. ಇದರಿಂದ ರಚಿಸುವವನಿಗೆ ಕಷ್ಟ, ಬಿಡಿಸುವವನಿಗೆ ಸಹಾಯ. ಆದರೆ ಸಮುದ್ರದ ವಿಷಯ ಬಂದಾಗ ಈ ಸಹಾಯವೂ ಸಾಲದು. ‘ಸಮುದ್ರ (೩)’ ಎಂಬ ಸುಳುಹಿಗೆ ಸಾಗರ, ಕಡಲು, ಅರ್ಣವ, ಮುನ್ನೀರು ಎಂಬುವೆಲ್ಲ ಸರಿಹೊಂದುವುವು. ಕೊನೆಯ ಅಕ್ಷರವು ‘ಧಿ’ ಎಂದು ಗೊತ್ತಾದರೂ ಜಲಧಿ, ಶರಧಿ, ವಾರಿಧಿ, ಅಂಬುಧಿ, ಉದಧಿ, ಪಯೋಧಿ ಎಂದು ಆರು ಮಂದಿ ಬಾಗಿಲಲ್ಲಿ ನಿಂತಿರುವರು. ಇಲ್ಲಿ ವ್ಯುತ್ಪತ್ತಿಯು ಕೈಹಿಡಿಯುವುದು. ನೀರನ್ನು ಕೊಡುವುದು ಜಲದ, ಎಂದರೆ ಮೋಡ; ನೀರಿನಲ್ಲಿ ಹುಟ್ಟಿದುದು ಜಲಜ, ಎಂದರೆ ಕಮಲ; ನೀರಿಗೆ ನೆಲೆಯಾದುದು ಜಲಧಿ. ಒಂದೇ ಅಕ್ಷರದ ವ್ಯತ್ಯಾಸದಿಂದ ಆಕಾಶ, ಕೊಳ, ಕಡಲು ಮೂರೂ ಬೇರೆಬೇರೆಯಾಗುವುವು.

ಈ ಬಗೆಯ ಮಾತುಗಳು ಈ ಸೀಮೆಗೆ ಬಂದುದು ಹಡಗಿನಿಂದಲ್ಲ, ಪಾಠಶಾಲೆಯಿಂದ. ಅಮರಸಿಂಹನ ಕೋಶದ ವಾರಿವರ್ಗವನ್ನು ಬಾಯಿಪಾಠ ಮಾಡಿದ ಹುಡುಗನು ಕಾವೇರಿಯಿಂದಾಚೆಗೆ ಹೋಗದಿದ್ದರೂ ಹಡಗಿನ ಅಂಗಾಂಗಗಳನ್ನೆಲ್ಲ ಬಲ್ಲನು. ಕೂವೆಮರಕ್ಕೆ ಕೂಪಕ, ಗುಣವೃಕ್ಷಕ, ಹುಟ್ಟಿಗೆ ಕ್ಷೇಪಣಿ, ನೀರನ್ನು ಎತ್ತಿಹಾಕುವ ಪಾತ್ರೆಗೆ ಸೇಚನ, ದೋಣಿಯ ಬಾಡಿಗೆಗೆ ಆತರ, ತರಪಣ್ಯ, ಹಡಗಿನಲ್ಲಿ ಹೋಗಿ ವ್ಯಾಪಾರಮಾಡುವವನಿಗೆ ಸಾಂಯಾತ್ರಿಕ. ಎರಡರ್ಥದ ಮಾತುಗಳಂತೂ ಪದಬಂಧಕಾರರಿಗೆ ಕಾಮಧೇನುವಿನಂತಿವೆ. ತರಣಿಯೆಂದರೆ ದೋಣಿಯೂ ಹೌದು, ಸೂರ್ಯನೂ ಹೌದು. ಪೋತವೆಂದರೆ ಹಡಗು, ಪ್ರಾಣಿಯ ಮರಿ. ಉಡುಪವೆಂದರೆ ತೆಪ್ಪ, ನಕ್ಷತ್ರಗಳ ಒಡೆಯನಾದ ಚಂದ್ರನೂ ಉಡುಪನೇ. ರಘುವಂಶದ ಮೊದಲ ಸರ್ಗವನ್ನು ಓದಿದವರಿಗೆ ಈ ತೆಪ್ಪವು ಅಪರಿಚಿತವಲ್ಲ. ಕರ್ಣಧಾರನಲ್ಲಿರುವ ಕರ್ಣನಾದರೋ ಕುಂತಿಯ ಮಗನಲ್ಲ, ಹಡಗಿನ ಚುಕ್ಕಾಣಿ.

ಅಮರಕೋಶವೊಂದರಿಂದಲೇ ಎಲ್ಲವೂ ಬಂದಿತೆಂದು ಹೇಳಿದರೆ ಕನ್ನಡಕ್ಕೆ ಅನ್ಯಾಯಮಾಡಿದಂತಾಗುವುದು. ಈಗಿನ ಹಡಗು ಹಿಂದೆ ಪಡಗು ಆಗಿದ್ದಿತು. ಹರಿಗೋಲು ಪಱಿಗೋಲ್ ಆಗಿದ್ದಿತು. ಹಾಯಿ ಎಂಬುದು ತಮಿಳಿನ ಪಾಯ್ ಎಂಬುದರ ಒಡಹುಟ್ಟು. ಅಲ್ಲಿ ಅದಕ್ಕೆ ಚಾಪೆಯೆಂದೂ ಹಡಗಿನ ಪಟವೆಂದೂ ಎರಡರ್ಥಗಳು. ಪಕಾರವು ಹಕಾರವಾಗುವುದಕ್ಕೆ ಮುಂಚೆಯೇ ಕನ್ನಡಿಗರು ಹಡಗು ಹಾಯಿಗಳನ್ನು ಬಲ್ಲವರಾಗಿದ್ದರೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. ಅಯ್ಯಾವೊಳೆಯ ಐನೂರ್ವರೆಂಬ ವರ್ತಕಸಂಘದವರು ನೆಲದ ದಾರಿಯಲ್ಲಿಯೂ ನೀರಿನ ದಾರಿಯಲ್ಲಿಯೂ ಸಂಚರಿಸಿದ ಸಂಗತಿಯನ್ನು ಹನ್ನೊಂದನೆಯ ಶತಮಾನದ ಶಾಸನವೇ ತಿಳಿಸುವುದು.

ಇನ್ನೊಂದು ಗುಂಪಿನ ಮಾತುಗಳು ದೂರದ ರೇವುಗಳಿಂದ ಬಂದುವು. ಬಂದರು, ಲಂಗರು ಎಂಬುವು ಪಾರಸಿಯ ಮಾತುಗಳು. ಜಹಜು, ಖಲಾಸಿ ಎಂಬುವು ಅರಬ್ಬಿಯವು. ಚುಕ್ಕಾಣಿಯು ಅರಬ್ಬಿಯ ಸುಕ್ಕಾನ್ ಎಂಬುದರ ಕನ್ನಡ ರೂಪ. ಹಡಗಿನ ಒಡೆಯನಾದ ನಾಖುದನ ಹೆಸರೂ ಪಾರಸಿಯದೇ. ಲಂಗರು, ಬಂದರು ಎರಡಕ್ಕೂ ಮೂರು ಮೂರು ಮನೆಗಳು, ಎರಡರ ಕೊನೆಯೂ ‘ರು’; ಕೊನೆಯ ಅಕ್ಷರವನ್ನು ಮಾತ್ರ ನೋಡಿ ಆತುರಪಟ್ಟವರು ಹಡಗನ್ನು ನಿಲ್ಲಿಸುವ ಸಾಧನವನ್ನು ಹಡಗು ನಿಲ್ಲುವ ಸ್ಥಳದಲ್ಲಿ ಬರೆದುಬಿಡುವುದುಂಟು.

ಈ ಮಾತುಗಳು ಕಾವೇರಿಯಲ್ಲಿ ಹುಟ್ಟಿದುವಲ್ಲವೆಂಬುದಕ್ಕೆ ಕಾವೇರಿಯ ಹರಿಗೋಲೇ ಪ್ರಮಾಣ. ಬಿದಿರನ್ನು ಹೆಣೆದು ಚರ್ಮವನ್ನು ಹೊದಿಸಿ ಮಾಡಿದ ಆ ದುಂಡನೆಯ ಬುಟ್ಟಿಗೆ ಮುಂದು ಹಿಂದುಗಳಿಲ್ಲ. ಹಾಯಿಯಿಲ್ಲ, ಕೂವೆಯಿಲ್ಲ, ಚುಕ್ಕಾಣಿಯಂತೂ ಇಲ್ಲವೇ ಇಲ್ಲ. ಅಂಬಿಗನ ಕೈಯ ಹುಟ್ಟೇ ಅದಕ್ಕೆ ಸರ್ವಸ್ವ. ಶ್ರೀರಂಗಪಟ್ಟಣದ ಬಳಿ ಕಾವೇರಿಯನ್ನೂ ಕೃಷ್ಣರಾಜಪೇಟೆಯ ಕಡೆಯಲ್ಲಿ ಹೇಮಾವತಿಯನ್ನೂ ಜನರು ಇದರಲ್ಲಿಯೇ ದಾಟುತ್ತಿದ್ದರು. ೧೮೦೪ರಲ್ಲಿ ದಿವಾನ್ ಪೂರ್ಣಯ್ಯನವರು ಶ್ರೀರಂಗಪಟ್ಟಣದಲ್ಲಿ ಕಲ್ಲಿನ ಸೇತುವೆಯನ್ನು ಮುಗಿಸಿದ ಮೇಲೆ ಅಲ್ಲಿಯ ದೋಣಿಯ ಕಡವಿಗೆ ಹಿಂದಿನ ಮಹತ್ವ ಉಳಿಯಲಿಲ್ಲ. ಮೇಲುಕೋಟೆಯ ಕಲ್ಯಾಣಿಯಲ್ಲಿ ತೆಪ್ಪೋತ್ಸವವನ್ನು ನೋಡಿದವರಿಗೆ ತೆಪ್ಪವೆಂಬ ಮಾತು ಭಕ್ತಿಯೊಡನೆಯೇ ಮನಸ್ಸಿನಲ್ಲಿ ನಿಂತಿದೆ. ನಾಗಮಂಗಲದ ಮೆಟ್ಟುನೆಲದಲ್ಲಿ ಹರಿಗೋಲಿಗೆ ಕೆಲಸವು ಕಡಿಮೆ. ಅಲ್ಲಿಯವರು ಕೋಶವನ್ನೇ ನಂಬಿರಬೇಕು.

ಹಾಗಾದರೆ ಈ ಸೀಮೆಗೆ ನಿಜವಾದ ಸಮುದ್ರದ ಸಂಬಂಧವೇ ಇರಲಿಲ್ಲವೆ? ಇದ್ದಿತು, ಮೂವತ್ತಾರು ವರ್ಷಗಳ ಕಾಲ ಇದ್ದಿತು. ೧೭೬೩ರಲ್ಲಿ ಹೈದರಾಲಿಯು ಬಿದನೂರನ್ನು ಗೆದ್ದಾಗ ಕನ್ನಡ ಕರಾವಳಿಯು ಮೈಸೂರಿಗೆ ಸೇರಿತು. ಅಂದಿನಿಂದ ನದಿಯ ದ್ವೀಪದಲ್ಲಿದ್ದ ಶ್ರೀರಂಗಪಟ್ಟಣವು ಕಡಲಿನ ರಾಜ್ಯವೊಂದಕ್ಕೆ ರಾಜಧಾನಿಯಾಯಿತು. ಹೈದರನು ಹಡಗುಗಳನ್ನು ಕಟ್ಟಿಸಿದನು. ಆದರೆ ೧೭೬೮ರಲ್ಲಿ ಮುಂಬಯಿಯಿಂದ ಬಂದ ಕಂಪೆನಿಯ ಪಡೆಯು ಮಂಗಳೂರು ಹೊನ್ನಾವರಗಳನ್ನು ಹಿಡಿದು ಹಡಗುಗಳನ್ನೂ ವಶಪಡಿಸಿಕೊಂಡಿತು. ಊರುಗಳು ಬೇಗನೆ ಹಿಂದಿರುಗಿ ಬಂದುವು. ಮತ್ತೆ ಕಟ್ಟಿಸಿದ ಹಡಗುಗಳನ್ನು ೧೭೮೦ರ ಡಿಸೆಂಬರಿನಲ್ಲಿ ಅಡ್ಮಿರಲ್ ಹ್ಯೂಸನು ಮಂಗಳೂರಿನ ರೇವಿನಲ್ಲಿಯೇ ನಾಶಮಾಡಿದನು. ಹೈದರನ ಕುದುರೆಗಳು ನೆಲದ ಮೇಲೆ ಕಂಪೆನಿಯನ್ನು ಮದರಾಸಿನ ಬಾಗಿಲವರೆಗೆ ಅಟ್ಟಬಲ್ಲುವಾಗಿದ್ದುವು. ನೀರಿನಲ್ಲಿ ಅವುಗಳಿಂದ ಏನೂ ಪ್ರಯೋಜನವಿರಲಿಲ್ಲ.

ಟೀಪೂ ಸುಲ್ತಾನನು ಈ ಕೊರತೆಯನ್ನು ತಂದೆಗಿಂತಲೂ ಚೆನ್ನಾಗಿ ಅರಿತಿದ್ದನು. ೧೭೮೬ರಲ್ಲಿ ಅವನ ರಾಯಭಾರಿಗಳು ತದಡಿಯ ರೇವಿನಿಂದ ನಾಲ್ಕು ಹಡಗುಗಳಲ್ಲಿ ತುರ್ಕಿಯ ಸುಲ್ತಾನನ ಬಳಿಗೆ ಹೊರಟರು. ಆ ಯಾತ್ರೆಯಲ್ಲಿ ಹಡಗುಗಳೂ ನಷ್ಟವಾದುವು, ಬಹು ಜನರು ರೋಗದಿಂದ ಸತ್ತರು, ಹಿಂದಿರುಗಿದವರು ಅಲ್ಪಸಂಖ್ಯಾತರು. ೧೭೯೨ರ ಶ್ರೀರಂಗಪಟ್ಟಣದ ಕೌಲಿನಿಂದ ಮಲೆಯಾಳ ತೀರವು ಕೈಬಿಟ್ಟಿತಾದರೂ ಮಂಗಳೂರು ಉಳಿದಿದ್ದಿತು. ೧೭೯೬ರಲ್ಲಿ ಅವನು ನೌಕಾಬಲಕ್ಕೆಂದು ಹೊಸ ನಿಬಂಧನೆಗಳನ್ನು ಹೊರಡಿಸಿದನು. ‘ಮೀರ್ ಯಮ್’ ಎಂಬ ಹನ್ನೊಂದು ಮಂದಿಯ ಮಂಡಲಿ, ಅದರ ಕೆಳಗೆ ‘ಮೀರ್ ಬಹರ್’ ಎಂಬ ಮೂವತ್ತು ಮಂದಿ ನೌಕಾಧಿಪತಿಗಳು, ಒಟ್ಟು ನಲವತ್ತು ಯುದ್ಧದ ಹಡಗುಗಳು: ಅವುಗಳಲ್ಲಿ ಇಪ್ಪತ್ತು ದೊಡ್ಡವು, ಇಪ್ಪತ್ತು ಅದಕ್ಕಿಂತ ಚಿಕ್ಕವು. ಯಮ್ ಎಂದರೂ ಬಹರ್ ಎಂದರೂ ಸಮುದ್ರವೇ. ಹಡಗು ಕಟ್ಟುವ ಕೆಲಸವು ಮಂಗಳೂರಿನಲ್ಲಿಯೂ ಉತ್ತರದ ಮಿರ್ಜಾನು, ಸದಾಶಿವಗಡಗಳ ಕಡೆಯಲ್ಲಿಯೂ ನಡೆಯತಕ್ಕದ್ದಾಗಿದ್ದಿತು. ಈ ನಿಬಂಧನೆಗಳ ವಿವರವು ಕರ್ಕ್‌ಪ್ಯಾಟ್ರಿಕ್ ಎಂಬ ಅಧಿಕಾರಿಯು ೧೮೧೧ರಲ್ಲಿ ಅಚ್ಚುಹಾಕಿಸಿದ ಇಂಗ್ಲೀಷ್ ಗ್ರಂಥದಿಂದ ತಿಳಿದುಬರುವುದು. ಹರಿಗೋಲು ಮಾತ್ರ ತೇಲುವ ಹೊಳೆಯ ದಂಡೆಯಲ್ಲಿ ಕುಳಿತು ನಲವತ್ತು ಯುದ್ಧನೌಕೆಗಳ ಲೆಕ್ಕವನ್ನು ಬರೆಯಿಸಿದ ಅರಸನನ್ನು ಹಾಸ್ಯಮಾಡುವವರು ಮಾಡಲಿ. ಶತ್ರುವಿನ ಬಲವು ಎಲ್ಲಿದೆಯೆಂಬುದನ್ನು ಅವನಷ್ಟು ಸ್ಪಷ್ಟವಾಗಿ ಕಂಡ ಅರಸರು ಆಗಿನ ಕಾಲದಲ್ಲಿ ವಿರಳ. ಆದರೆ ಸಂಕಲ್ಪಕ್ಕೂ ಸಿದ್ಧಿಗೂ ನಡುವೆ ದೊರೆತ ಕಾಲವು ಮೂರೇ ವರ್ಷ. ಹಡಗುಗಳಲ್ಲಿ ಬಹುಭಾಗವು ಕಾಗದದ ಮೇಲೆಯೇ ಉಳಿಯಿತು.

ಅವನ ಕೇಡಿಗೂ ಸಮುದ್ರವೇ ನಿಮಿತ್ತವಾಯಿತು. ೧೭೯೭ರಲ್ಲಿ ರಿಪೋ ಎಂಬ ಫ್ರೆಂಚ್ ನಾವಿಕನು ಕೆಟ್ಟುಹೋದ ಹಡಗಿನೊಡನೆ ಮಂಗಳೂರಿಗೆ ಬಂದು, ತಾನು ದೊಡ್ಡ ಅಧಿಕಾರಿಯೆಂಬಂತೆ ನಡೆದುಕೊಂಡನು. ಅವನ ಮಾತನ್ನು ನಂಬಿ ಟೀಪುವು ಮಾರಿಷಸ್ ದ್ವೀಪಕ್ಕೆ ದೂತರನ್ನು ಕಳುಹಿಸಿದನು. ಗುಟ್ಟಾಗಿರಬೇಕಾಗಿದ್ದ ಸಂಧಾನವನ್ನು ಅಲ್ಲಿಯ ಗವರ್ನರನಾದ ಮಲಾರ್ತಿಕನು ೧೭೯೮ರ ಜನವರಿಯಲ್ಲಿ ಡಂಗುರ ಹೊಡೆಸಿದಂತೆ ಪ್ರಕಟಿಸಿಬಿಟ್ಟನು. ಏಪ್ರಿಲಿನಲ್ಲಿ ಮಂಗಳೂರಿಗೆ ಬಂದಿಳಿದ ಸಹಾಯಕರ ಸಂಖ್ಯೆಯಾದರೋ ನೂರಕ್ಕೂ ಕಡಿಮೆ. ಯುದ್ಧಕ್ಕೆ ಕಾರಣವನ್ನು ಹುಡುಕುತ್ತಿದ್ದ ವೆಲ್ಲೆಸ್ಲಿಗೆ ಆ ಪ್ರಕಟಣೆಯೊಂದೇ ಸಾಕಾಯಿತು. ಹೈದರ್ ಟೀಪುಗಳ ಸೇವೆಯಲ್ಲಿದ್ದ ಫ್ರೆಂಚರು ಬೀಡುಬಿಟ್ಟಿದ್ದ ಹಿರೋಡೆಗೆ ಫ್ರೆಂಚ್ ರಾಕ್ಸ್ ಎಂಬ ಹೆಸರು ಬಂದು ಬಹುಕಾಲ ನಿಂತಿದ್ದಿತು. ಅದೇ ಈಗಿನ ಪಾಂಡವಪುರ. ಸಮುದ್ರವನ್ನು ದಾಟಿ ಬಂದವರ ಗುರುತು ಈ ಸೀಮೆಯಲ್ಲಿ ಒಂದು ಊರಿನ ಹೆಸರಾಗಿಯೂ ಇದ್ದಿತೆಂಬುದು ಗಮನಾರ್ಹ.

೧೭೯೯ನೆಯ ಮೇ ೪ರಂದು ಕೋಟೆಯು ಬಿದ್ದಿತು. ಕರಾವಳಿಯನ್ನು ಕಂಪೆನಿಯು ತಾನೇ ಇಟ್ಟುಕೊಂಡಿತು. ಅಂದಿನಿಂದ ೧೯೫೬ನೆಯ ನವೆಂಬರ್ ೧ರವರೆಗೆ, ನೂರೈವತ್ತೇಳು ವರ್ಷಗಳು, ಮೈಸೂರಿಗೆ ಒಂದು ಮಾರು ಕಡಲ ದಂಡೆಯೂ ಇರಲಿಲ್ಲ. ಕಾರವಾರವು ಮೊದಲು ಮದರಾಸಿಗೂ ಆಮೇಲೆ ಮುಂಬಯಿಗೂ, ಮಂಗಳೂರು ಮದರಾಸಿಗೂ ಸೇರಿದ್ದ ಆ ದೀರ್ಘಕಾಲದಲ್ಲಿ ಮೈಸೂರು ಸೀಮೆಯವರಿಗೆ ಸಮುದ್ರವು ಪುಸ್ತಕದ ವಸ್ತುವಾಗಿಯೇ ಉಳಿಯಿತು. ಲಂಗರು ಚುಕ್ಕಾಣಿಗಳು ಉಪಮೆಗಳಾದುವು. ಇಂದು ರಾಜ್ಯದ ಚುಕ್ಕಾಣಿ, ಪಕ್ಷದ ಚುಕ್ಕಾಣಿ ಎಂದು ಪತ್ರಿಕೆಗಳು ಬರೆಯುವಾಗ ಅದು ಮರದ್ದೋ ಕಬ್ಬಿಣದ್ದೋ, ಹಡಗಿನ ಯಾವ ತುದಿಯಲ್ಲಿರುವುದೋ ಓದುವವರಲ್ಲಿ ಎಷ್ಟು ಮಂದಿ ಬಲ್ಲರು?

ಈಗ ಕರಾವಳಿಯೂ ಘಟ್ಟದ ಮೇಲಿನ ನಾಡೂ ಒಂದೇ ರಾಜ್ಯ. ೨೦೦೫ರಲ್ಲಿ ಕಾರವಾರದಲ್ಲಿ ಭಾರತದ ನೌಕಾಪಡೆಯ ನೆಲೆಯು ಆರಂಭವಾಗಿ ಅದಕ್ಕೆ ಕದಂಬ ಎಂದು ಹೆಸರಿಟ್ಟರು; ಮೂರು ಮನೆಗಳ ಒಳ್ಳೆಯ ಉತ್ತರ. ಜಲಾಂತರ್ಗಾಮಿಯಂಥ ಹೊಸ ಸಂಸ್ಕೃತ ಮಾತುಗಳಿಗೂ ಚೌಕಗಳು ದೊರೆತಿವೆ. ದೊರೆಯದೆ ಇರುವುವು ಕರಾವಳಿಯ ಬೆಸ್ತರ ಬಾಯಿಯ ಮಾತುಗಳು. ದೋಣಿಯ ಮುಖಂಡನಾದ ತಂಡೇಲನನ್ನೂ ಚಿಕ್ಕ ದೋಣಿಯಾದ ಪಾತಿಯನ್ನೂ ಪದಬಂಧದಲ್ಲಿ ಕಾಣುವುದು ಅಪರೂಪ. ಊರಿಗೆ ಊರೇ ದಂಡೆಯಲ್ಲಿ ನಿಂತು ಎಳೆಯುತ್ತಿದ್ದ ರಂಪಣಿ ಬಲೆಯು ೧೯೭೦ರ ದಶಕದಲ್ಲಿ ಯಂತ್ರದೋಣಿಗಳೂ ಅವುಗಳ ದೊಡ್ಡ ಬಲೆಗಳೂ ಬಂದ ಮೇಲೆ ಹಿಂದೆ ಸರಿಯಿತು. ಬಲೆಯೊಡನೆ ಅದರ ಸುತ್ತಣ ಮಾತುಗಳೂ ಮರೆಯಾಗುತ್ತಿವೆ. ಕೂಪಕವೆಂದರೇನೆಂದು ಪಾಂಡವಪುರದಲ್ಲಿ ಕೇಳಿದರೆ ಕೋಶವನ್ನು ತೆಗೆದಾದರೂ ಹೇಳುವವರು ದೊರೆಯುವರು. ರಂಪಣಿ ಎಂದರೆ ಏನೆಂದು ಹೇಳಲು ಕೋಶವನ್ನಲ್ಲ, ಉಡುಪಿ ಮಲ್ಪೆಗಳ ಹಿರಿಯರನ್ನು ಕೇಳಬೇಕು; ಅದಕ್ಕೂ ಮೂರೇ ಮನೆಗಳು.