ಸಿಗದ ಕಡತದೊಳಗಿದ್ದ ಒಂದು ಹೆಸರು

ಕೆಲವು ವರ್ಷಗಳ ಹಿಂದಿನ ಮಾತು. ಮಕ್ಕಳ ಮಾಹಿತಿ ಕಳಿಸಲು ಎರಡೇ ದಿನ ಉಳಿದಿತ್ತು. ನಮ್ಮ ಶಾಲೆಯ ಒಂದೇ ಒಂದು ಕಂಪ್ಯೂಟರು ಬೆಳಿಗ್ಗೆ ಹೀಗೆ ಹೇಳಿತು: ಲಿಬ್‌ಇಎವೈ32.ಡಿಎಲ್‌ಎಲ್ ಎಂಬ ಫೈಲು ಸಿಗುತ್ತಿಲ್ಲ, ಆದ್ದರಿಂದ ಪ್ರೋಗ್ರಾಂ ಶುರುವಾಗುವುದಿಲ್ಲ.

ನಾವು ಮಾಡಿದ್ದು ಬಹುತೇಕರು ಮಾಡುವುದನ್ನೇ. ಆ ಹೆಸರನ್ನು ಅಂತರ್ಜಾಲದಲ್ಲಿ ಹುಡುಕಿದೆವು. ಪುಕ್ಕಟೆ ಕೊಡುತ್ತೇವೆ ಎನ್ನುವ ತಾಣಗಳು ಸಾಲುಸಾಲಾಗಿ ಬಂದವು. ಒಂದರಿಂದ ಇಳಿಸಿಕೊಂಡು ವಿಂಡೋಸಿನ ಸಿಸ್ಟಮ್32 ಫೋಲ್ಡರಿಗೆ ಹಾಕಿದೆವು. ಈಗ ಬೇರೆ ಸಂದೇಶ ಬಂತು. ಫೈಲು ಇದೆಯಂತೆ, ಅದರೊಳಗೆ ಬೇಕಾದ ಭಾಗ ಇಲ್ಲವಂತೆ! ಪುಣೆಯಲ್ಲಿ ಕೆಲಸದಲ್ಲಿರುವ ನಮ್ಮ ಹಳೆಯ ವಿದ್ಯಾರ್ಥಿಗೆ ಫೋನ್ ಮಾಡಿದರೆ ಅವನು ಗಾಬರಿಯಾದ. “ಸರ್, ಅದು ಕೀಲಿ ಹಾಕೋ ಫೈಲ್ ರೀ. ಯಾರೋ ಸಂತ್ಯಾಗ ಕೊಟ್ಟ ಕೀಲಿ ತಂದು ಮನಿ ಬಾಗಲಕ್ಕ ಹಾಕಿದಂಗಾತು. ಮೊದಲ ಅದನ್ನ ತಗೀರಿ” ಎಂದ.

ಕೆಲಸ ಮುಗಿದ ಮೇಲೆ ಆ ವಿಚಿತ್ರ ಹೆಸರಿನ ಜಾಡು ಹಿಡಿದು ಓದಿದೆವು. ‘ಲಿಬ್’ ಎಂದರೆ ಲೈಬ್ರರಿ. ‘ಇಎವೈ’ ಎಂದರೆ ಒಬ್ಬ ಮನುಷ್ಯನ ಹೆಸರಿನ ಮೊದಲಕ್ಷರಗಳು: ಎರಿಕ್ ಎ. ಯಂಗ್, ಆಸ್ಟ್ರೇಲಿಯಾದವರು.

ಆಸ್ಟ್ರೇಲಿಯಾ ಏಕೆ ಎಂಬುದರಲ್ಲೇ ಇತಿಹಾಸ ಇದೆ. ಹುಡುಗರು ಮೇಷ್ಟ್ರಿಗೆ ತಿಳಿಯದಿರಲಿ ಎಂದು ಪ್ರತಿ ಅಕ್ಷರದ ಮುಂದೆ ‘ಕ’ ಸೇರಿಸಿ ಮಾತಾಡುತ್ತಾರಲ್ಲ, ಗೂಢಲಿಪಿಯ ಮೂಲ ತತ್ವ ಅದೇ. ಗುಟ್ಟು ಗೊತ್ತಿದ್ದವರಿಗೆ ಮಾತ್ರ ಅರ್ಥವಾಗಬೇಕು. ಕಂಪ್ಯೂಟರಿನಲ್ಲಿ ಆ ಗುಟ್ಟು ಒಂದು ದೊಡ್ಡ ಸಂಖ್ಯೆ, ಅದೇ ಕೀಲಿಕೈ. ಬ್ರೌಸರಿಗೂ ತಾಣಕ್ಕೂ ನಡುವೆ ಹೀಗೆ ಗುಟ್ಟಾಗಿ ಮಾತಾಡಲು ಅಮೆರಿಕದ ನೆಟ್‌ಸ್ಕೇಪ್ ಕಂಪನಿ 1995ರಲ್ಲಿ ಎಸ್‌ಎಸ್‌ಎಲ್ ಎಂಬ ಕ್ರಮವನ್ನು ಹೊರತಂದಿತು. ಆದರೆ ಆಗ ಅಮೆರಿಕದ ಕಾನೂನು ಬಲವಾದ ಗೂಢಲಿಪಿಯನ್ನು ಯುದ್ಧಸಾಮಗ್ರಿಯ ಪಟ್ಟಿಯಲ್ಲಿಟ್ಟಿತ್ತು. ಟ್ಯಾಂಕು, ಮದ್ದುಗುಂಡಿನ ಸಾಲಿನಲ್ಲೇ! ತಮ್ಮ ದೇಶದವರಿಗೆ 128 ಬಿಟ್ ಕೀಲಿ, ಹೊರಗಿನವರಿಗೆ ಬರೀ 40 ಬಿಟ್.

40 ಬಿಟ್ ಎಂದರೆ 2ನ್ನು 40 ಸಲ ಬರೆದು ಗುಣಿಸಿ ನೋಡಿ, ಸುಮಾರು 1.1 ಲಕ್ಷ ಕೋಟಿ ಬರುತ್ತದೆ. ನಮಗೆ ದೊಡ್ಡದು, ಯಂತ್ರಕ್ಕಲ್ಲ. 1995ರ ಆಗಸ್ಟ್‌ನಲ್ಲಿ ಫ್ರಾನ್ಸಿನ ಡೇಮಿಯನ್ ಡೊಲಿಜೆ ಎಂಬ ಸಂಶೋಧಕರು ಸುಮಾರು 120 ಕಂಪ್ಯೂಟರುಗಳನ್ನು ಹೂಡಿ 8 ದಿನಗಳಲ್ಲಿ ಅಂಥ ಒಂದು ಬೀಗ ತೆಗೆದು ತೋರಿಸಿದರು. ಹೊರಗಿನವರಿಗೆ ಸಿಕ್ಕಿದ್ದು ಇಂಥ ಬೀಗ.

ಯಂಗ್ ಈ ಕಾನೂನಿನ ಹೊರಗಿದ್ದರು. ಇದಕ್ಕೂ ಮೊದಲು ಅಮೆರಿಕದ ಎಂಐಟಿಯವರು ಕೆರ್ಬೆರೋಸ್ ಎಂಬ ತಂತ್ರಾಂಶದಿಂದ ಗೂಢಲಿಪಿಯ ಭಾಗವನ್ನೆಲ್ಲ ಕಿತ್ತು, ‘ಬೋನ್ಸ್’ ಅಂದರೆ ಎಲುಬು ಎಂದು ಹೆಸರಿಟ್ಟು ಹೊರದೇಶಕ್ಕೆ ಬಿಟ್ಟಿದ್ದರು. ಯಂಗ್ ತಾವೇ ಬರೆದ ಗೂಢಲಿಪಿ ಲೈಬ್ರರಿಯಿಂದ ಆ ಎಲುಬಿಗೆ ಮತ್ತೆ ಮಾಂಸ ತುಂಬಿದವರು. 1995ರಲ್ಲಿ ಟಿಮ್ ಹಡ್ಸನ್ ಎಂಬ ಜೊತೆಗಾರರೊಂದಿಗೆ ಎಸ್‌ಎಸ್‌ಎಲ್ಲನ್ನೂ ಪೂರ್ಣಬಲದಲ್ಲಿ ಬರೆದು, ಮೂಲ ಬರಹದ ಸಮೇತ ಎಲ್ಲರಿಗೂ ಪುಕ್ಕಟೆ ಕೊಟ್ಟರು. ಅದರ ಹೆಸರು ಎಸ್‌ಎಸ್‌ಎಲ್‌ಇಎವೈ. ಇಬ್ಬರೂ 1998ರಲ್ಲಿ ಆ ಕೆಲಸ ಬಿಟ್ಟು ಬೇರೆ ಕಂಪನಿಗೆ ಹೋದಾಗ, ಬಳಸುತ್ತಿದ್ದ ಕೆಲವರು ಸೇರಿ ಅದೇ ಡಿಸೆಂಬರಿನಲ್ಲಿ ಓಪನ್‌ಎಸ್‌ಎಸ್‌ಎಲ್ ಎಂದು ಮುಂದುವರಿಸಿದರು. ತಂತ್ರಾಂಶದ ಹೆಸರು ಬದಲಾಯಿತು, ವಿಂಡೋಸಿನ ಫೈಲುಗಳಲ್ಲಿ ಮಾತ್ರ ‘ಇಎವೈ’ ಹಾಗೇ ಉಳಿಯಿತು. ಅಮೆರಿಕ 2000ರ ಜನವರಿಯಲ್ಲಿ ನಿಯಮವನ್ನು ಬಹಳಷ್ಟು ಸಡಿಲಿಸಿತು.

ಇನ್ನು ಡಿಎಲ್‌ಎಲ್ ಕಳೆದುಹೋಗುವುದು ಹೇಗೆ? ಇದು ಹಲವು ಪ್ರೋಗ್ರಾಂಗಳು ಹಂಚಿಕೊಳ್ಳಬಲ್ಲ ಸಿದ್ಧ ಕೆಲಸಗಳ ಕಟ್ಟು. ಪ್ರೋಗ್ರಾಂ ಮೊದಲು ತನ್ನ ಫೋಲ್ಡರಿನಲ್ಲಿ ಅದನ್ನು ಹುಡುಕುತ್ತದೆ, ಇಲ್ಲದಿದ್ದರೆ ಸಿಸ್ಟಮ್ ಫೋಲ್ಡರಿಗೆ ಹೋಗುತ್ತದೆ. ಹೆಸರು ಒಂದೇ ಇದ್ದರೂ ಆವೃತ್ತಿ ಬೇರೆಯಾದರೆ ಕೆಲಸ ಕೆಡುತ್ತದೆ. ಏಳನೆಯ ಇಯತ್ತೆಯ ಹಳೇ ಪಠ್ಯ ಹಿಡಿದ ಹುಡುಗನಿಗೆ ಹೊಸ ಪಠ್ಯದ 52ನೆಯ ಪುಟ ಓದು ಎಂದಂತೆ. ನಾವು ತಂದು ಹಾಕಿದ ಫೈಲಿನಲ್ಲಿ ಆದದ್ದೂ ಇದೇ. (64 ಬಿಟ್ ವಿಂಡೋಸಿನಲ್ಲಿ 64 ಬಿಟ್ ಫೈಲುಗಳು ಇರುವುದು ‘ಸಿಸ್ಟಮ್32’ ಎಂಬ ಫೋಲ್ಡರಿನಲ್ಲಿ, 32 ಬಿಟ್ಟಿನವು ‘ಸಿಸ್‌ವಾವ್64’ರಲ್ಲಿ. ಈ ಹೆಸರಿಟ್ಟವರಿಗೆ ನಾವಾದರೆ ಅಂಕ ಕೊಡುತ್ತಿರಲಿಲ್ಲ.)

ಹಳೆಯ ವಿದ್ಯಾರ್ಥಿ ಹೇಳಿದ ದಾರಿ ಸರಳ. ಸಂದೇಶದ ಮೇಲಂಚಿನಲ್ಲಿ ಯಾವ ಪ್ರೋಗ್ರಾಮಿನ ಹೆಸರಿದೆ ನೋಡಬೇಕು. ಆಂಟಿವೈರಸ್ ಆ ಫೈಲನ್ನು ಎತ್ತಿ ಬದಿಗಿಟ್ಟಿದೆಯೇ ನೋಡಬೇಕು. ಇಲ್ಲವಾದರೆ ಇಡೀ ಪ್ರೋಗ್ರಾಂ ತೆಗೆದು, ಅದನ್ನು ಮಾಡಿದವರ ಸ್ವಂತ ತಾಣದಿಂದಲೇ ಹೊಸದಾಗಿ ಹಾಕಬೇಕು. ಸರಿಯಾದ ಡಿಎಲ್‌ಎಲ್ ಅದರ ಜೊತೆಗೇ ಬರುತ್ತದೆ. ಬಿಡಿ ಫೈಲು ತರಬಾರದು. ಮಕ್ಕಳ ಹೆಸರು, ಜನ್ಮದಿನಾಂಕ, ತಾಯ್ತಂದೆಯರ ವಿವರ ಎಲ್ಲವೂ ಆ ಫೈಲಿನ ಮೂಲಕವೇ ಹೋಗುವಂಥದ್ದು. ನಾವು ಆ ದಿನ ಇದನ್ನು ಯೋಚಿಸಿರಲಿಲ್ಲ.

ಸರಿಯಾದ ಕಡೆಯಿಂದ ತಂದದ್ದರಲ್ಲೂ ದೋಷ ಇರಬಹುದು. 2012ರ ಮಾರ್ಚಿನಲ್ಲಿ ಬಂದ ಓಪನ್‌ಎಸ್‌ಎಸ್‌ಎಲ್ 1.0.1ರಲ್ಲಿ ಒಂದು ಅಳತೆಯನ್ನು ಪರೀಕ್ಷಿಸುವುದು ಮರೆತುಹೋಗಿತ್ತು. ಕೇಳಿದವರಿಗೆ ಸರ್ವರು ತನ್ನ ನೆನಪಿನಿಂದ ಒಂದು ಸಲಕ್ಕೆ 64 ಕಿಲೋಬೈಟ್‌ವರೆಗೆ ಬಿಚ್ಚಿ ಕೊಡುತ್ತಿತ್ತು. ಅದು ಬಯಲಾದದ್ದು 2014ರ ಏಪ್ರಿಲ್ 7ರಂದು, ಹಾರ್ಟ್‌ಬ್ಲೀಡ್ ಎಂಬ ಹೆಸರಿನಲ್ಲಿ. ಜಗತ್ತಿನ ಎಷ್ಟೋ ತಾಣಗಳು ನಂಬಿದ್ದ ಈ ಕೆಲಸಕ್ಕೆ ಅಲ್ಲಿಯವರೆಗೆ ಬರುತ್ತಿದ್ದ ದೇಣಿಗೆ ವರ್ಷಕ್ಕೆ ಸುಮಾರು 2000 ಡಾಲರ್ ಅಷ್ಟೇ ಎಂದು ಆಗ ಹೊರಬಂತು. ನಮ್ಮ ಊರ ಜಾತ್ರೆಯ ಪಟ್ಟಿ ಅದಕ್ಕಿಂತ ಹೆಚ್ಚು ಕೂಡುತ್ತದೆ. ಆಮೇಲೆ ದೊಡ್ಡ ಕಂಪನಿಗಳು ಕೈ ಜೋಡಿಸಿದವು.

2016ರ ಆಗಸ್ಟಿನಲ್ಲಿ ಬಂದ 1.1.0 ಆವೃತ್ತಿಯಲ್ಲಿ ಫೈಲುಗಳಿಗೆ ಲಿಬ್‌ಕ್ರಿಪ್ಟೋ, ಲಿಬ್‌ಎಸ್‌ಎಸ್‌ಎಲ್ ಎಂಬ ಹೊಸ ಹೆಸರು ಕೊಟ್ಟರು. ಇತ್ತೀಚೆಗೆ ಶಾಲೆಗೆ ಬಂದ ಹೊಸ ಕಂಪ್ಯೂಟರಿನಲ್ಲಿ ‘ಇಎವೈ’ ಎಂದು ಬರೆದು ಹುಡುಕಿಸಿದೆವು, ಒಂದೂ ಸಿಗಲಿಲ್ಲ. ಮೂಲೆಯಲ್ಲಿಟ್ಟ ಹಳೆಯದನ್ನು ಹಚ್ಚಿ ನೋಡಿದರೆ ಇನ್ನೂ ಎರಡು ಇದ್ದವು.