ಹಲ್ಲಿಯ ಬಾಲ, ಏಡಿಯ ಕಾಲು... ಮೊದಲು ತಿಳಿದವರು ಯಾರು?

ಬಾಲ ಹಿಡಿದರೆ ಬಾಲ ನಮ್ಮ ಕೈಗೆ, ಹಲ್ಲಿ ಪರಾರಿ! ಇದನ್ನು ನೋಡದವರು ಕಡಿಮೆ. ಆದರೆ ಸಿರುಗುಪ್ಪ ತಾಲೂಕಿನ ರಾರಾವಿ ಕಡೆ, ವೇದಾವತಿ ಹೊಳೆಯ ಪಕ್ಕದ ಭತ್ತದ ಗದ್ದೆಗಳಿಗೆ ಹೋದರೆ ಇದೇ ಆಟ ಆಡುವ ಇನ್ನೊಬ್ಬರು ಸಿಗುತ್ತಾರೆ. ಅವರೇ ಏಡಿರಾಯರು. ಕಾಲು ಹಿಡಿದು ಎಳೆದರೆ ಕಾಲನ್ನೇ ಬಿಟ್ಟುಕೊಟ್ಟು ಬಿಲ ಸೇರುತ್ತಾರೆ.

ಹಲ್ಲಿಯ ಬಾಲ ಮತ್ತೆ ಬೆಳೆಯುತ್ತದೆ ಎಂದು ಗ್ರೀಸಿನ ಅರಿಸ್ಟಾಟಲ್ ಸುಮಾರು 2300 ವರ್ಷಗಳ ಹಿಂದೆಯೇ ಬರೆದಿಟ್ಟಿದ್ದ. ಏಡಿ ಜಾತಿಯ ಪ್ರಾಣಿಗಳ ಕಾಲೂ ಹೀಗೇ ಬೆಳೆಯುತ್ತದೆ ಎಂದು ಯುರೋಪಿನ ಬೆಸ್ತರು ಹೇಳುತ್ತಿದ್ದರು. ಆದರೆ ಪಂಡಿತರು ಅದನ್ನು ಕಟ್ಟುಕಥೆ ಎಂದುಕೊಂಡಿದ್ದರು. ಫ್ರಾನ್ಸಿನ ರಿಯೂಮರ್ ಎಂಬ ವಿಜ್ಞಾನಿ ಮಾತ್ರ ಪರೀಕ್ಷೆ ಮಾಡಿಯೇ ನೋಡಿದ. ಏಡಿಯ ನೆಂಟನಾದ ಸಿಹಿನೀರಿನ ಕ್ರೇಫಿಶ್‌ಗಳ ಕಾಲು ಮುರಿದು, ನೀರಲ್ಲಿಟ್ಟು ತಿಂಗಳುಗಟ್ಟಲೆ ಕಾದ. ಹೊಸ ಕಾಲು ಬಂತು! 1712ರಲ್ಲಿ ಅವನು ಇದನ್ನು ಪ್ರಕಟಿಸಿದ. ಬೆಸ್ತರ ಮಾತೇ ಗೆದ್ದಿತು.

ಇನ್ನೊಂದು ಪ್ರಶ್ನೆ ಉಳಿದಿತ್ತು. ಕಾಲು ಕಿತ್ತು ಬರುತ್ತದೆಯೋ, ಏಡಿಯೇ ಕಳಚುತ್ತದೆಯೋ? ಇದಕ್ಕೆ ಉತ್ತರ ಕೊಟ್ಟವನು ಬೆಲ್ಜಿಯಂನ ಲಿಯೋನ್ ಫ್ರೆಡೆರಿಕ್. ಕಾಲಿನ ಬುಡದಲ್ಲಿ ಮುರಿಯಲೆಂದೇ ಒಂದು ಜಾಗ ಇದೆ, ನರದ ಸೂಚನೆ ಬಂದೊಡನೆ ಏಡಿಯ ಸ್ನಾಯುವೇ ಅಲ್ಲಿ ಮುರಿಯುತ್ತದೆ ಎಂದು ತೋರಿಸಿ, 1883ರಲ್ಲಿ ಇದಕ್ಕೆ 'ಆಟೋಟಮಿ' ಎಂದು ಹೆಸರಿಟ್ಟ. ಅಂದರೆ, ತನ್ನನ್ನು ತಾನೇ ಕತ್ತರಿಸಿಕೊಳ್ಳುವುದು.

ಹಲ್ಲಿಯದೂ ಇದೇ ಉಪಾಯ. ಅದರ ಬಾಲದ ಮೂಳೆಗಳೊಳಗೇ ಬಿರುಕಿನ ಗೆರೆಗಳಿವೆ. ಬಿದ್ದ ಬಾಲ ಕುಣಿಯುತ್ತಿದ್ದರೆ ಬೆಕ್ಕಿನ ಕಣ್ಣು ಅದರ ಮೇಲೆ! ಬೇಲಿಯ ಮೇಲಿನ ಓತಿಕ್ಯಾತನಿಗೆ ಮಾತ್ರ ಈ ಸೌಲಭ್ಯ ಇಲ್ಲ.

"ಹೇಗೂ ಮತ್ತೆ ಬೆಳೆಯುತ್ತದಲ್ಲ" ಎಂದು ಮಕ್ಕಳು ಬಾಲ ಕೀಳುವುದುಂಟು. ಆದರೆ ಇದು ಪುಕ್ಕಟೆ ವ್ಯವಹಾರವಲ್ಲ ಸ್ವಾಮಿ. ಬಾಲವೆಂದರೆ ಹಲ್ಲಿಯ ಕೊಬ್ಬಿನ ಕಣಜ. ಹೊಸ ಬಾಲದಲ್ಲಿ ಮೂಳೆ ಇರುವುದಿಲ್ಲ, ಮೃದ್ವಸ್ಥಿಯ ಕೊಳವೆ ಅಷ್ಟೇ. ಅದರಲ್ಲಿ ಬಿರುಕಿನ ಗೆರೆಯೂ ಇಲ್ಲ. ಮುಂದಿನ ಸಲ ತಪ್ಪಿಸಿಕೊಳ್ಳಬೇಕಾದರೆ ಇನ್ನೂ ಮೇಲೆ, ಉಳಿದಿರುವ ಹಳೇ ಮೂಳೆಯಲ್ಲೇ ಮುರಿದುಕೊಳ್ಳಬೇಕು. ಏಡಿಯೂ ಹಾಗೇ, ಚಿಪ್ಪು ಕಳಚುವ ಕಾಲದವರೆಗೆ ಹೊಸ ಕಾಲಿಗಾಗಿ ಕಾಯಬೇಕು. ಜೀವ ಉಳಿಸಿಕೊಳ್ಳಲು ಕೂಡಿಟ್ಟ ಗಂಟು ಅದು. ನಮ್ಮ ಆಟಕ್ಕೆ ಅದನ್ನು ಖರ್ಚು ಮಾಡಿಸುವುದು ಬೇಡ, ಅಲ್ವೇ?