ಪಂಪಿನ ಮನೆಯ ಪೆಟ್ಟಿಗೆಯೂ ಭೂಸಂಪರ್ಕದ ಚರಿತ್ರೆಯೂ

ತಿಪಟೂರು ತಾಲ್ಲೂಕಿನ ಬಿಳಿಗೆರೆಯು ತೆಂಗಿನ ಸೀಮೆಯ ಗ್ರಾಮ. ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಗಳ ಈ ಪ್ರದೇಶದಲ್ಲಿ ತೋಟವೆಂದರೆ ತೆಂಗು, ಫಲವೆಂದರೆ ಕೊಬ್ಬರಿ. ಹಿಂದೆ ಏತದಿಂದಲೂ ಕಪಿಲೆಯಿಂದಲೂ ನೀರೆತ್ತುತ್ತಿದ್ದ ಸೀಮೆಯಲ್ಲಿ ಈಗ ವಿದ್ಯುಚ್ಛಕ್ತಿಯ ಪಂಪು ಆ ಕೆಲಸವನ್ನು ಮಾಡುತ್ತಿದೆ. ತೋಟದ ಮೂಲೆಯ ಸಣ್ಣ ಮನೆ, ಅದರ ಗೋಡೆಗೆ ತಗುಲಿಸಿದ ಕಬ್ಬಿಣದ ಪೆಟ್ಟಿಗೆ; ಪೆಟ್ಟಿಗೆಯೊಳಗೆ ಮೈನ್ ಸ್ವಿಚ್ಚು, ಫ್ಯೂಸು, ಸ್ಟಾರ್ಟರು. ಪೆಟ್ಟಿಗೆಯ ಮೈಯಿಂದ ಒಂದು ತಂತಿ ಇಳಿದು ಮಣ್ಣಿನಲ್ಲಿ ಮರೆಯಾಗುತ್ತದೆ. ಪಂಡಿತರು ಅದನ್ನು ಭೂಸಂಪರ್ಕವೆನ್ನುವರು. ತೋಟದವರು ಅರ್ತಿನ ತಂತಿಯೆನ್ನುವರು. ಬರಿಗಾಲಿನಲ್ಲಿ, ಒದ್ದೆಯಾದ ಪಾತಿಯಿಂದ ಎದ್ದು ಬಂದು ಪೆಟ್ಟಿಗೆಯನ್ನು ಮುಟ್ಟುವ ರೈತನ ಪ್ರಾಣವು ಬಹುಮಟ್ಟಿಗೆ ಈ ತಂತಿಯ ಮೇಲೆಯೇ ನಿಂತಿರುವುದು.

ಮೈಸೂರು ಸಂಸ್ಥಾನದಲ್ಲಿ ವಿದ್ಯುಚ್ಛಕ್ತಿಯ ಕಥೆ ಸುಪ್ರಸಿದ್ಧವಾದುದು. ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ ಇಂಜಿನಿಯರ್ ಜೋಲಿ ದ ಲಾಟ್ಬಿನಿಯೇರ್ ಅವರ ಯೋಜನೆಯಂತೆ ಶಿವನಸಮುದ್ರದ ಕೆಲಸವು ಆರಂಭವಾಗಿ, 1902ರಲ್ಲಿ ಕಾವೇರಿಯ ಶಕ್ತಿಯು 92 ಮೈಲಿ ದೂರದ ಕೋಲಾರದ ಚಿನ್ನದ ಗಣಿಗಳನ್ನು ಮುಟ್ಟಿತು. ಶೇಷಾದ್ರಿ ಅಯ್ಯರ್ ಅವರು ಅದರ ಹಿಂದಿನ ವರ್ಷವೇ ತೀರಿಕೊಂಡಿದ್ದುದರಿಂದ ಆ ದಿನವನ್ನು ಕಾಣಲಿಲ್ಲ. 1905ರಲ್ಲಿ ಬೆಂಗಳೂರಿನ ಬೀದಿಗಳಿಗೆ ದೀಪ ಬಂದಿತು, 1908ರಲ್ಲಿ ಮೈಸೂರಿಗೆ. 1940ರಲ್ಲಿ ಶಿಂಷಾ, ಆ ದಶಕದ ಕೊನೆಯಲ್ಲಿ ಜೋಗ. ಬಳಿಕ ತಂತಿಗಳು ಹಳ್ಳಿಹಳ್ಳಿಗೂ ತೋಟತೋಟಕ್ಕೂ ಹಬ್ಬಿದುವು. ಇಷ್ಟನ್ನು ಶಾಲೆಯ ಹುಡುಗರೂ ಬಲ್ಲರು. ಆದರೆ ಆ ಶಕ್ತಿಯನ್ನು ಮನುಷ್ಯನ ಮೈಗೆ ತಾಕದಂತೆ ಕಾಯುವ ತಂತಿಗೂ ಒಂದು ಚರಿತ್ರೆಯಿದೆಯೆಂಬುದನ್ನು ನೆನೆಯುವವರು ವಿರಳ.

ಭೂಮಿಗೆ ತಂತಿಯನ್ನು ಮೊದಲು ಇಳಿಸಿದುದು ಸಿಡಿಲಿನ ಭಯದಿಂದ. 1752ರಲ್ಲಿ ಬೆಂಜಮಿನ್ ಫ್ರಾಂಕ್ಲಿನ್ ಸಿಡಿಲೂ ವಿದ್ಯುತ್ತೇ ಎಂದು ತೋರಿಸಿದ ಮೇಲೆ ಕಟ್ಟಡಗಳ ನೆತ್ತಿಯಿಂದ ನೆಲಕ್ಕೆ ಲೋಹದ ಸಲಾಕೆಗಳು ಇಳಿದುವು. 1838ರಲ್ಲಿ ಜರ್ಮನಿಯ ಸ್ಟೈನ್ಹೈಲ್ ಎಂಬ ವಿಜ್ಞಾನಿಯು ಬೇರೊಂದು ಸಂಗತಿಯನ್ನು ಕಂಡನು. ತಂತಿವಾರ್ತೆಗೆ ಹೋಗಲೊಂದು, ಮರಳಲೊಂದು ಎಂದು ಎರಡು ತಂತಿ ಬೇಕಿಲ್ಲ. ಮರಳುವ ದಾರಿಯನ್ನು ಭೂಮಿಯೇ ಕೊಡುವುದು! ಈ ಎರಡನೆಯ ಸಂಗತಿಯೇ ಪಂಪಿನ ಮನೆಗೆ ಸಂಬಂಧಪಟ್ಟುದು. ಜನರ ನಂಬಿಕೆ ಮಾತ್ರ ಮೊದಲನೆಯದರ ಮೇಲೆಯೇ ನಿಂತಿದೆ. ಸಿಡಿಲನ್ನು ಭೂಮಿ ನುಂಗುವಂತೆ ಪೆಟ್ಟಿಗೆಗೆ ಹರಿದ ವಿದ್ಯುತ್ತನ್ನೂ ನುಂಗಿಬಿಡುವುದೆಂದು ಅನೇಕರು ತಿಳಿದಿರುವರು. ಅದು ಸರಿಯಲ್ಲ. ಟ್ರಾನ್ಸ್‌ಫಾರ್ಮರಿನಿಂದ ಹೊರಟ ವಿದ್ಯುತ್ತು ಟ್ರಾನ್ಸ್‌ಫಾರ್ಮರಿಗೇ ಮರಳಬೇಕು. ಭೂಮಿಯು ಅದಕ್ಕೆ ದಾರಿ ಮಾತ್ರ.

ಸರಬರಾಜಿನ ತಂತಿಗಳಲ್ಲೊಂದನ್ನು ಬೇಕೆಂದೇ ಭೂಮಿಗೆ ಕಟ್ಟಬಹುದೇ ಎಂಬ ವಿಷಯದಲ್ಲಿ ಮೊದಮೊದಲು ಇಂಜಿನಿಯರುಗಳಲ್ಲೇ ಭಿನ್ನಾಭಿಪ್ರಾಯವಿತ್ತು. ಟ್ರಾನ್ಸ್‌ಫಾರ್ಮರು ಕೆಟ್ಟು, ಮೇಲಿನ ಸಾವಿರಾರು ವೋಲ್ಟಿನ ವಿದ್ಯುತ್ತು ಮನೆಯ ತಂತಿಗೆ ನುಗ್ಗುವ ಅಪಾಯವು ಮನದಟ್ಟಾದ ಮೇಲೆ ಚರ್ಚೆ ಒಂದು ಕಡೆಗೆ ವಾಲಿತು. ಅಮೆರಿಕದ ನಿಯಮಾವಳಿಯು 1913ರಲ್ಲಿ ಮನೆಗಳಿಗೆ ಹೋಗುವ ಸರಬರಾಜಿಗೆ ಭೂಸಂಪರ್ಕವನ್ನು ಕಡ್ಡಾಯ ಮಾಡಿತು. ಭಾರತದಲ್ಲಿ 1910ರ ವಿದ್ಯುಚ್ಛಕ್ತಿ ಶಾಸನದ ಅಡಿಯಲ್ಲಿ ಬಂದ 1956ರ ನಿಯಮಗಳು ಬಹು ಸ್ಪಷ್ಟವಾಗಿದ್ದುವು. ಮೋಟಾರಿನ ಚೌಕಟ್ಟಿಗೆ ಒಂದಲ್ಲ, ಪ್ರತ್ಯೇಕವಾದ ಎರಡು ಭೂಸಂಪರ್ಕಗಳಿರಬೇಕು. ಸರಬರಾಜು ಮಾಡುವವರು ಗ್ರಾಹಕನಿಗೆ ಭೂಸಂಪರ್ಕದ ತುದಿಯೊಂದನ್ನು ಒದಗಿಸಬೇಕು. 2003ರಲ್ಲಿ ಹೊಸ ಶಾಸನವೂ 2010ರಲ್ಲಿ ಹೊಸ ಸುರಕ್ಷತಾ ನಿಯಮಗಳೂ ಬಂದುವು.

ಎರಡೆಂದು ಏಕೆ ವಿಧಿಸಿದರು? ಒಂದು ತಂತಿಯು ತುಕ್ಕು ಹಿಡಿದು ಕಡಿದರೂ ಪಂಪು ಎಂದಿನಂತೆ ಓಡುತ್ತಲೇ ಇರುವುದು. ದೀಪದ ತಂತಿ ಕಡಿದರೆ ಕತ್ತಲೆಯಾಗಿ ತಿಳಿಯುತ್ತದೆ; ಅರ್ತಿನ ತಂತಿ ಕಡಿದರೆ ಅಪಘಾತದವರೆಗೆ ತಿಳಿಯುವುದಿಲ್ಲ.

ಇನ್ನು ಮಣ್ಣಿನ ವಿಚಾರ. ಇಲಿ ಕಡಿದೋ ಬಿಸಿಲಿಗೆ ಒಣಗಿಯೋ ತಂತಿಯ ಮೇಲುಹೊದಿಕೆ ಹೋಗಿ, 230 ವೋಲ್ಟಿನ ತಂತಿಯೊಂದು ಪೆಟ್ಟಿಗೆಯ ಮೈಗೆ ತಗುಲಿತೆಂದು ಭಾವಿಸೋಣ. ತೋಟದ ಗುಂಡಿಯ ತಡೆ 45 ಓಂ, ಟ್ರಾನ್ಸ್‌ಫಾರ್ಮರಿನ ಬಳಿಯದು 5 ಓಂ ಆದರೆ, ಮಣ್ಣಿನ ಮೂಲಕ ಹರಿಯುವುದು 4.6 ಆಂಪಿಯರ್ ಮಾತ್ರ. 15 ಆಂಪಿಯರಿನ ಫ್ಯೂಸು ಇದಕ್ಕೆ ಕರಗುವುದೇ ಇಲ್ಲ. ತಂತಿಯೂ ಇದೆ, ಗುಂಡಿಯೂ ಇದೆ; ಪೆಟ್ಟಿಗೆಯ ಮೈಮೇಲೆ ಮಾತ್ರ 207 ವೋಲ್ಟು ಹಾಗೆಯೇ ಕುಳಿತಿರುತ್ತದೆ! ಅದನ್ನು ಮುಟ್ಟಿದವನ ಮೈಯ ತಡೆ ಸಾವಿರ ಓಂ ಆದರೆ ಅವನ ಮೂಲಕ ಆಂಪಿಯರಿನ ಐದನೆಯ ಒಂದು ಭಾಗ ಹರಿಯುವುದು. ಪ್ರಾಣ ತೆಗೆಯಲು ಅದರ ಅರ್ಧವೂ ಸಾಕು. ಬೇಸಗೆಯಲ್ಲಿ ನೆಲ ಒಣಗಿದಷ್ಟೂ ಗುಂಡಿಯ ತಡೆ ಏರುವುದು. ಗುಂಡಿಯಲ್ಲಿ ಕೊಳವೆಯ ಸುತ್ತ ಇದ್ದಿಲನ್ನೂ ಉಪ್ಪನ್ನೂ ತುಂಬಿ ಮೇಲಿನಿಂದ ನೀರು ಹೊಯ್ಯುವ ಪದ್ಧತಿಯು ಇದಕ್ಕಾಗಿಯೇ ಹುಟ್ಟಿತು. ಅದು ಮೂಢಾಚಾರವಲ್ಲ. ಆದರೆ ತೇವವನ್ನು ಹಿಡಿದಿಡುವ ಉಪ್ಪೇ ಕಬ್ಬಿಣವನ್ನು ತಿನ್ನುವುದೂ ನಿಜ. ಮೇಲೆ ಕಾಣುವ ಕೊಳವೆಯ ಬಾಯಿ ಗಟ್ಟಿಯಾಗಿದ್ದರೂ ಕೆಳಭಾಗವು ಸವೆದುಹೋಗಿರಬಹುದು.

ಟ್ರಾನ್ಸ್‌ಫಾರ್ಮರಿನ ಭೂಸಂಪರ್ಕದಿಂದಲೇ ಲೋಹದ ತಂತಿಯೊಂದು ಪೆಟ್ಟಿಗೆಯವರೆಗೆ ಬಂದರೆ ದಾರಿಯ ತಡೆ ಒಂದೆರಡು ಓಮಿಗೆ ಇಳಿದು, ನೂರಕ್ಕೂ ಮಿಕ್ಕ ಆಂಪಿಯರ್ ಹರಿದು ಫ್ಯೂಸು ಒಡನೆಯೇ ಹಾರುವುದು. ಕಂಬಗಳ ಮೇಲೆ ಬಹುದೂರ ಬರುವ ತೋಟದ ಸರಬರಾಜಿನಲ್ಲಿ ಈ ಅನುಕೂಲವು ದೊರೆಯುವುದು ಅಪೂರ್ವವಾದುದರಿಂದ, ಬೇರೊಂದು ಉಪಕರಣವು ಮುಖ್ಯವಾಯಿತು. ಹೋದ ವಿದ್ಯುತ್ತಿಗೂ ತಂತಿಯಲ್ಲಿ ಮರಳಿದ ವಿದ್ಯುತ್ತಿಗೂ ಲೆಕ್ಕ ನೋಡಿ, ವ್ಯತ್ಯಾಸ ಕಂಡೊಡನೆ ಸರಬರಾಜನ್ನು ಕಡಿಯುವ ಸೋರಿಕೆಯ ಸ್ವಿಚ್ಚು ಅದು. ಅಮೆರಿಕದ ಪ್ರೊಫೆಸರ್ ಚಾರ್ಲ್ಸ್ ಡಾಲ್ಜೀಲ್ ಮನುಷ್ಯನ ಮೈ ಎಷ್ಟು ವಿದ್ಯುತ್ತನ್ನು ತಾಳಬಲ್ಲುದೆಂದು ಬಹುಕಾಲ ಪರೀಕ್ಷಿಸಿ, 1961ರಲ್ಲಿ ಇಂತಹ ಉಪಕರಣವೊಂದನ್ನು ನಿರ್ಮಿಸಿದನು. ಮನುಷ್ಯರ ರಕ್ಷಣೆಗೆಂದು ಈಗ ಇಡುವ ಸ್ವಿಚ್ಚು ಸಾಮಾನ್ಯವಾಗಿ 30 ಮಿಲಿಯಾಂಪಿಯರಿನದು. ಮೇಲಿನ ಲೆಕ್ಕದ 4.6 ಆಂಪಿಯರನ್ನು ಫ್ಯೂಸು ಲಕ್ಷ್ಯಕ್ಕೆ ತರದಿದ್ದರೂ ಈ ಸ್ವಿಚ್ಚು ಕ್ಷಣಾರ್ಧದಲ್ಲಿ ಬೀಳುವುದು. ಇದಿದ್ದರೆ ಅರ್ತಿನ ತಂತಿ ಬೇಡವೆಂದಲ್ಲ. ತಂತಿಯಿದ್ದರೆ ಪೆಟ್ಟಿಗೆ ಕೆಟ್ಟೊಡನೆಯೇ ಸ್ವಿಚ್ಚು ಬೀಳುತ್ತದೆ. ಇಲ್ಲದಿದ್ದರೆ ಯಾರಾದರೂ ಮುಟ್ಟಿ, ಏಟು ತಿಂದ ಮೇಲೆ ಬೀಳುತ್ತದೆ.

ಪಂಪಿನ ಮನೆಯಲ್ಲಿ ಕೆಲವರು ಈ ಸ್ವಿಚ್ಚನ್ನು ಹಾಕಿಸಿ, ಮಳೆಗಾಲದಲ್ಲಿ ಪದೇಪದೇ ಬೀಳುವುದೆಂದು ಬೇಸತ್ತು ತೆಗೆಸಿಬಿಡುವುದುಂಟು. ಹಾಗೆ ಬೀಳುವುದು ಬಹುಮಟ್ಟಿಗೆ ಮೋಟಾರಿನ ಸುರುಳಿಗೋ ನೆಲದಡಿಯ ತಂತಿಗೋ ತೇವ ಸೇರಿರುವುದರಿಂದ. ಮೊದಲು ಹುಡುಕಬೇಕಾದುದು ಆ ತೇವವನ್ನು. ಸ್ವಿಚ್ಚಿನ ಮುಖದಲ್ಲಿ ಪರೀಕ್ಷೆಯ ಗುಂಡಿಯೊಂದಿರುತ್ತದೆ. ಅದನ್ನು ಒತ್ತಿದಾಗ ಸ್ವಿಚ್ಚು ಬೀಳದಿದ್ದರೆ ಅದು ಕೆಟ್ಟಿದೆಯೆಂದೇ ತಿಳಿಯಬೇಕು. ನೆಲದೊಳಗಿನ ಕೊಳವೆಯ ಸ್ಥಿತಿಯನ್ನು ಈ ಗುಂಡಿ ಹೇಳಲಾರದು. ಅದಕ್ಕೆ ಮಾಪಕವನ್ನು ತರಿಸಿ, ನೆಲ ಪೂರ್ತಿಯಾಗಿ ಒಣಗಿರುವ ಬೇಸಗೆಯಲ್ಲಿಯೇ ಗುಂಡಿಯ ತಡೆಯನ್ನು ಅಳೆಯಿಸಬೇಕು.